ಅಂದಾಜಿಗೆ ಒಬ್ಬರನ್ನು ಸೇರಿಸಿ

ಪಕ್ಕದ ಮನೆಯ ಯಜಮಾನರು ತೀರಿಕೊಂಡ ಮೇಲೆ, ಅವರ ಶಿವಗಣಾರಾಧನೆಯ ದಿನ ಅಡುಗೆಯವನು ಸೌಟು ಹಿಡಿದುಕೊಂಡೇ ಹೊರಗೆ ಬಂದು, ‘ಎಷ್ಟು ಎಲೆ ಆಗಬೌದು?’ ಎಂದು ಕೇಳಿದ. ಚಪ್ಪರದಲ್ಲಿ ಕೂತಿದ್ದ ನಾವು ನಾಲ್ಕೈದು ಹಿರಿಯರು ಒಟ್ಟಿಗೇ ತಲೆ ತಿರುಗಿಸಿದ್ದು ಗೋಡೆಗೆ ಒರಗಿಸಿಟ್ಟಿದ್ದ ಅವರ ಫೋಟೋದ ಕಡೆಗೆ. ಅದು ಹಳೆಯ ಅಭ್ಯಾಸ. ಹೊನ್ನಾಳಿಯ ನಮ್ಮ ಬೀದಿಯಲ್ಲಿ ಮದುವೆಯಾಗಲಿ ತಿಥಿಯಾಗಲಿ, ಆ ಪ್ರಶ್ನೆಗೆ ಉತ್ತರ ಕೊಡುವ ಅಧಿಕಾರ ಅವರೊಬ್ಬರಿಗೇ ಇತ್ತು. ಫೋಟೋದಲ್ಲಿ ಅವರು ಕನ್ನಡಕ ಹಾಕಿಕೊಂಡಿದ್ದರು. ಕನ್ನಡಕ ಹಾಕಿಕೊಂಡು ಅವರು ಯಾವತ್ತೂ ಅಂದಾಜು ಮಾಡಿದವರಲ್ಲ. ಆದ್ದರಿಂದ ಆ ದಿಕ್ಕಿನಿಂದ ಉತ್ತರ ಬರುವ ಸಂಭವ ಎರಡು ಕಾರಣಗಳಿಂದಲೂ ಇರಲಿಲ್ಲ.

ಪಕ್ಕದ ಮನೆಯವನಾದ್ದರಿಂದ ಜವಾಬ್ದಾರಿ ನನ್ನ ತಲೆಗೆ ಬಂತು. ನಾನು ಅವರ ಪದ್ಧತಿಯಂತೆಯೇ ಎದ್ದು, ಬಾಗಿಲಿಗೆ ಹೋಗಿ, ಕನ್ನಡಕ ತೆಗೆದು, ಹೊರಗೆ ಬಿಟ್ಟಿದ್ದ ಚಪ್ಪಲಿಗಳ ರಾಶಿಯನ್ನು ಗಂಭೀರವಾಗಿ ನೋಡಿ, ಒಂದು ಸಂಖ್ಯೆ ಹೇಳಿದೆ. ‘ಅದರ ಮೇಲೆ ಒಂದು ಸೇರಿಸು’ ಎಂದೂ ಹೇಳಿದೆ.

‘ಆ ಒಂದು ಯಾಕೆ ಸಾರ್?’ ಎಂದ ಅಡುಗೆಯವನು.

‘ಅದು ಅವರ ಲೆಕ್ಕ’ ಎಂದೆ. ಅವನು ಸೌಟನ್ನು ಕಂಕುಳಿಗೆ ಸಿಕ್ಕಿಸಿ, ಜೇಬಿನಿಂದ ಫೋನು ತೆಗೆದು ಅದರಲ್ಲೇನೋ ಒತ್ತುತ್ತಾ ಒಳಗೆ ಹೋದ. ಸಾರು ಹೊತ್ತುವ ಸಮಯದಲ್ಲೂ ಇವರಿಗೆ ಫೋನೇ ಎಂದು ನನ್ನ ಪಕ್ಕದವರು ಗೊಣಗಿದರು.

ಕನ್ನಡಕದ ವಿಷಯ ಹೇಳಬೇಕು. ಏನನ್ನಾದರೂ ಅಂದಾಜು ಮಾಡುವ ಮುಂಚೆ ಅವರು ಕನ್ನಡಕ ತೆಗೆದು, ಅಂಗಿಯ ತುದಿಯಲ್ಲಿ ಒರೆಸಿ, ಒರೆಸಿದ್ದನ್ನು ಮತ್ತೆ ಹಾಕಿಕೊಳ್ಳದೆ ಕೈಯಲ್ಲೇ ಹಿಡಿದು ನೋಡುತ್ತಿದ್ದರು. ಇದೇನು ವಿಪರೀತ ಎಂದು ನಾನೊಮ್ಮೆ ಕೇಳಿದ್ದೆ. ‘ಸ್ಪಷ್ಟವಾಗಿ ಕಂಡ್ರೆ ಎಣಿಸೋ ಆಸೆ ಹುಟ್ತೈತೆ ಮೇಷ್ಟ್ರೇ. ಎಣಿಸಾಕೆ ಕೂತ್ರೆ ತಪ್ತೀವಿ. ಅಂದಾಜಿಗೆ ಮಸುಕೇ ಒಳ್ಳೇದು’ ಎಂದರು. ನಾನು ಹೈಸ್ಕೂಲಿನಲ್ಲಿ ಕನ್ನಡ ಕಲಿಸಿದವನು. ಈ ತತ್ತ್ವ ಗಣಿತದ್ದೋ ವೇದಾಂತದ್ದೋ ಎಂದು ಇವತ್ತಿಗೂ ತೀರ್ಮಾನಿಸಿಲ್ಲ.

ಅವರ ತಂದೆ ಖೇಣಿ ಹಿಡಿಯುತ್ತಿದ್ದವರು. ಅಂದರೆ ಕೊಯ್ಲಿಗೆ ಮುಂಚೆ ಅಡಿಕೆ ತೋಟದಲ್ಲಿ ಒಂದು ಸುತ್ತು ಅಡ್ಡಾಡಿ, ಕತ್ತೆತ್ತಿ ಗೊನೆ ನೋಡಿ, ಇಷ್ಟು ಫಸಲು ಎಂದು ಹೇಳಿ ಇಡೀ ತೋಟದ ಬೆಳೆಯನ್ನು ಮಾತಾಡಿಕೊಳ್ಳುವವರು. ತೋಟದವನನ್ನು ಕೇಳಬಾರದು, ಮರವನ್ನು ನೋಡಬೇಕು ಎನ್ನುವುದು ಅಪ್ಪನಿಂದ ಮಗನಿಗೆ ಬಂದ ಆಸ್ತಿ. ಮಗ ಸರ್ಕಾರಿ ಕೆಲಸಕ್ಕೆ ಸೇರಿದ ಮೇಲೂ ಮಾಡಿದ್ದು ಅದನ್ನೇ. ಬೆಳೆ ಅಂದಾಜು. ಚೀಟಿ ಎತ್ತಿದ ಹಾಗೆ ಯಾವುದೋ ಒಂದು ಹೊಲ ಗೊತ್ತಾಗುತ್ತದೆ. ಅಲ್ಲಿಗೆ ಹೋಗಿ, ಹಗ್ಗ ಹಿಡಿದು ಒಂದು ಚೌಕ ಗುರುತು ಮಾಡಿ, ಅದರೊಳಗಿನ ಪೈರನ್ನಷ್ಟೇ ಕೊಯ್ದು, ಬಡಿದು, ತೂಗಿ, ಅದರ ಮೇಲೆ ತಾಲೂಕಿನ ಫಸಲು ಹೇಳುವುದು.

ಒಂದು ವರ್ಷ ಆ ಚೌಕ ಅವರ ಮಾವನ ಹೊಲದಲ್ಲೇ ಬಿತ್ತು. ಬಿದ್ದದ್ದು ಆಡು ಮೇಯ್ದು ಹೋಗಿದ್ದ ಮೂಲೆಯಲ್ಲಿ. ಮಾವ ಮರ್ಯಾದಸ್ಥರು. ‘ಅಳಿಯಂದ್ರೇ, ನಾಕು ಮಾರು ಈಚೆ ಬರ್ರಿ, ಇಲ್ಲಿ ತೆನೆ ಹೆಂಗದಾವೆ ನೋಡ್ರಿ’ ಎಂದು ಬೇಡಿಕೊಂಡರಂತೆ. ಅಳಿಯ ಹಗ್ಗ ಕದಲಿಸಲಿಲ್ಲ. ತಾಲೂಕಿನಲ್ಲೇ ಕಳಪೆ ಬೆಳೆಗಾರ ಎಂಬ ಕೀರ್ತಿಯನ್ನು ಸ್ವಂತ ಮಾವನಿಗೆ ದಯಪಾಲಿಸಿ ಮನೆಗೆ ಬಂದರು. ಆ ದೀಪಾವಳಿಗೆ ಅಳಿಯನಿಗೆ ಪಂಚೆ ಬರಲಿಲ್ಲ. ಅತ್ತೆ ಗುಟ್ಟಾಗಿ ಒಂದು ಬಿಳಿ ಶರಟಿನ ಬಟ್ಟೆ ಕಳಿಸಿದರು. ಅವರು ಕೊನೆಯವರೆಗೂ ಬಿಳಿ ಅರ್ಧತೋಳಿನ ಶರಟನ್ನೇ ಹಾಕುತ್ತಿದ್ದುದಕ್ಕೆ ಇದೇ ಕಾರಣ ಎಂದು ನಾನು ಹೇಳಿದರೆ, ಅವರ ಹೆಂಡತಿ, ಬೇರೆ ಬಣ್ಣ ಅವರಿಗೆ ಒಪ್ಪುತ್ತಿರಲಿಲ್ಲ ಅಷ್ಟೇ ಎನ್ನುತ್ತಾರೆ.

ಎಲ್ಲ ಅಂದಾಜು ಮುಗಿದ ಮೇಲೆ ಅವರು ಒಂದು ಸೇರಿಸುತ್ತಿದ್ದರು. ಬಸ್ಸಿನ ಜನವಾಗಲಿ, ಸಭೆಯ ಜನವಾಗಲಿ, ತಪ್ಪದೆ ಒಂದು. ‘ಹೇಳದೇ ಇರೋನು ಒಬ್ಬ ಇದ್ದೇ ಇರ್ತಾನೆ’ ಎನ್ನುವುದು ಅವರ ವಿವರಣೆ. ತಾವು ಎಪ್ಪತ್ತೇಳಕ್ಕೆ ಹೋಗುವುದಾಗಿ ಹೇಳುತ್ತಿದ್ದರು. ಅಲ್ಲೂ ಒಂದು ಸೇರಿಸಿಕೊಂಡು ಎಪ್ಪತ್ತೆಂಟಕ್ಕೆ ಹೋದರು.

ಈ ಮನುಷ್ಯರ ಬದುಕಿನ ಅತಿ ಕಠಿಣ ಅಂದಾಜು ನಿವೃತ್ತಿಯಾಗಿ ಎಷ್ಟೋ ವರ್ಷಗಳಾದ ಮೇಲೆ ಒದಗಿತು. ಅದನ್ನು ತಂದವಳು ನನ್ನ ಹಳೆಯ ವಿದ್ಯಾರ್ಥಿನಿ, ನ್ಯಾಮತಿಯ ಟೈಲರ್ ಒಬ್ಬರ ಮಗಳು. ಅಪ್ಪನ ಅಂಗಡಿಯ ಮೇಲಿನ ಕೋಣೆಯಲ್ಲಿ ಕೂತು ವಿಡಿಯೋ ಗೇಮ್ ಮಾಡುತ್ತಾಳೆ. ಆಡುವುದಲ್ಲ, ಮಾಡುವುದು. ಕಂಪನಿಯಿಲ್ಲ, ಮೇಲಧಿಕಾರಿಯಿಲ್ಲ, ಸಂಬಳ ಮೊದಲೇ ಇಲ್ಲ. ಕತೆ, ಚಿತ್ರ, ಸಂಗೀತ, ಲೆಕ್ಕಾಚಾರ ಎಲ್ಲ ತನ್ನದೇ. ಇಂಥವರಿಗೆ ಸ್ವತಂತ್ರ ಡೆವಲಪರ್ ಎನ್ನುತ್ತಾರಂತೆ. ಆ ಪದ ಕೇಳಿದಾಗ ಎದ್ದು ನಿಲ್ಲಬೇಕೋ ಏನೋ ಎಂದು ನನಗೆ ಒಂದು ಕ್ಷಣ ಅನುಮಾನವಾಯಿತು.

ಅವಳ ಆಟದಲ್ಲಿ ಬಸ್ಸು ನಿಲ್ದಾಣಕ್ಕೆ ಬರುತ್ತದೆ. ನಾವು ಕಿಟಕಿಯಿಂದ ಟವೆಲ್ ಎಸೆದು ಸೀಟು ಹಿಡಿಯಬೇಕು. ನನಗೂ ಆಡಲು ಕೊಟ್ಟಳು. ನಿಜವಾದ ಬಸ್ಸಿನಲ್ಲಿ ನಲವತ್ತು ವರ್ಷ ಟವೆಲ್ ಎಸೆದ ಅನುಭವಿ ನಾನು. ಮೊದಲನೇ ಸುತ್ತಿನಲ್ಲೇ ಒಬ್ಬ ಅಜ್ಜಿ ನನ್ನ ಟವೆಲ್ ತೆಗೆದು ಹೊರಗೆ ಬಿಸಾಡಿ ಕೂತಳು.

ಅವಳ ಕಷ್ಟ ಜಾಗದ್ದು. ಇದೇ ಕೆಲಸ ಮಾಡುವ ಇನ್ನಿಬ್ಬರು ಅವಳಿಗೆ ಸಿಕ್ಕಿದ್ದರು. ಮೂವರೂ ಭಾನುವಾರ ಸವಳಂಗದ ಒಂದು ಬೇಕರಿಯಲ್ಲಿ ಕೂಡುತ್ತಿದ್ದರು. ಒಂದು ಟೀ ಕುಡಿದು ಮಧ್ಯಾಹ್ನದವರೆಗೆ ಪ್ಲಗ್ಗಿಗೆ ಲ್ಯಾಪ್‌ಟಾಪ್ ಸಿಕ್ಕಿಸಿ ಕೂರುವ ಗಿರಾಕಿಗಳನ್ನು ಬೇಕರಿಯವನು ಎಷ್ಟು ದಿನ ತಡೆದಾನು, ಕಳಿಸಿಬಿಟ್ಟ. ಚನ್ನಗಿರಿಯಲ್ಲಿ ಅಡಿಕೆ ವರ್ತಕರ ಒಂದು ಸಣ್ಣ ಸಂಘದ ಮಹಡಿಯ ಮೇಲೆ ಹಾಲ್ ಖಾಲಿ ಬಿದ್ದಿತ್ತು. ಕೇಳಿದ್ದಕ್ಕೆ ಸಂಘದ ಅಧ್ಯಕ್ಷರು, ತಮ್ಮ ಸದಸ್ಯರಿರುವ ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು ಈ ನಾಲ್ಕು ತಾಲೂಕಿನಲ್ಲಿ ಇಂಥ ಕೆಲಸದವರು ಇಪ್ಪತ್ತು ಮಂದಿ ಇದ್ದರೆ ಭಾನುವಾರ ಬಿಟ್ಟುಕೊಡುವುದಾಗಿಯೂ, ಇಲ್ಲದಿದ್ದರೆ ಹಾಸಿಗೆ ವ್ಯಾಪಾರಿಯೊಬ್ಬರಿಗೆ ಗೋದಾಮಿಗೆ ಕೊಡುವುದಾಗಿಯೂ ಹೇಳಿದ್ದರು.

‘ಜಾಗ ಸಿಗಲಿಲ್ಲ ಅಂದ್ರೆ ಇದನ್ನ ಬಿಟ್ಟುಬಿಡ್ತೀನಿ ಸಾರ್’ ಎಂದಳು. ‘ಒಬ್ಬಳೇ ಕೂತು ಸಾಕಾಗೈತೆ. ಎಲ್ಲಿ ತಪ್ತು, ಎಲ್ಲಿ ಸರಿಯಾತು ಅಂತ ಮಾತಾಡಾಕೆ ಜನ ಬೇಕು. ನಾವು ಎಷ್ಟು ಜನ ಇದೀವಿ ಅಂತ ನನಗೇ ಗೊತ್ತಿಲ್ಲ.’

ನಾನು ಅವಳನ್ನು ಪಕ್ಕದ ಮನೆಗೆ ಕರೆದುಕೊಂಡು ಹೋದೆ. ಅವರು ಎಲ್ಲವನ್ನೂ ಕೇಳಿಸಿಕೊಂಡರು. ವಿಡಿಯೋ ಗೇಮ್ ಎಂದರೇನು ಎಂದು ಕೇಳಲಿಲ್ಲ. ‘ಇದನ್ನ ಮಾಡೋರು ಹಗಲು ಹೊತ್ತು ಏನು ಮಾಡ್ತಾರೆ?’ ಎಂದು ಮಾತ್ರ ಕೇಳಿದರು. ಬೇರೆ ಏನೋ ಕೆಲಸ ಮಾಡುತ್ತಾರೆ, ಇದನ್ನು ಯಾರಿಗೂ ಹೇಳುವುದಿಲ್ಲ ಎಂದಳು. ಅವರ ಮುಖ ಅರಳಿತು. ಕತ್ತೆತ್ತಿದರೂ ಗೊನೆ ಕಾಣದ ತೋಟ ಅವರಿಗೆ ಸಿಕ್ಕಿತ್ತು.

ಮೊದಲು ನಾನು ಬುದ್ಧಿವಂತಿಕೆ ಮಾಡಲು ಹೋದೆ. ಸುಮ್ಮನೆ ಜನರನ್ನು ಕೇಳಿಬಿಡೋಣ ಎಂದೆ. ಬೇಡ ಎನ್ನಲಿಲ್ಲ, ಹೋಗಿ ಬನ್ನಿ ಎಂದರು. ಕತ್ತಲಗೆರೆಯಲ್ಲಿ ಪರಿಚಯದವರ ಮನೆಗೆ ಹೋಗಿ, ನಿಮ್ಮ ಹುಡುಗ ವಿಡಿಯೋ ಗೇಮ್ ಮಾಡುತ್ತಾನೆಯೇ ಎಂದು ವಿಚಾರಿಸಿದೆ. ‘ನಮ್ಮ ಹುಡುಗ ಅಂಥೋನಲ್ಲ ಕಣ್ರಿ’ ಎಂದು ಆ ತಾಯಿ ಎದ್ದು ನಿಂತರು. ಒಲೆಯ ಮೇಲಿದ್ದ ಕಾಫಿ ಒಲೆಯ ಮೇಲೇ ಉಳಿಯಿತು. ಕೇಳುವ ವಿಧಾನದಿಂದ ಬಂದ ಒಟ್ಟು ಸಂಖ್ಯೆ ಸೊನ್ನೆ. ‘ತೋಟದವನನ್ನ ಕೇಳಬಾರದು’ ಎಂದರು ಅವರು, ನನಗೆ ತಮ್ಮ ಮನೆಯ ಕಾಫಿ ಕೊಡಿಸುತ್ತಾ.

ಆಮೇಲೆ ಮರ ನೋಡಲು ಶುರುಮಾಡಿದರು. ಈ ಕಡೆಯವರು ಮಾಡಿದ ಆಟ ಎಂದು ಗೊತ್ತಾದುದನ್ನೆಲ್ಲ ಹುಡುಗಿ ಹುಡುಕಿ ತೆಗೆದಳು. ಪ್ರತಿ ಆಟದ ಕೊನೆಯಲ್ಲಿ ಸಿನಿಮಾದ ಹಾಗೆ ಹೆಸರುಗಳು ಬರುತ್ತವೆ: ಕತೆ ಇಂಥವರು, ಚಿತ್ರ ಇಂಥವರು, ಸಂಗೀತ ಇಂಥವರು. ಅವರು ಕನ್ನಡಕ ತೆಗೆದು ಆ ಹೆಸರುಗಳು ಮೇಲೆ ಸರಿಯುವುದನ್ನು ನೋಡುತ್ತಾ ಕೂತರು. ಮೂರ್ನಾಲ್ಕು ದಿನವಾದ ಮೇಲೆ ಇಪ್ಪತ್ತೈದು ಎಂದು, ಒಂದು ಸೇರಿಸಿ ಇಪ್ಪತ್ತಾರು ಎಂದರು. ಅಷ್ಟರಲ್ಲಿ ಹುಡುಗಿಯಿಂದ ವಿಷಯ ತಿಳಿದಿದ್ದ ಅಧ್ಯಕ್ಷರೇ ಫೋನು ಮಾಡಿ ಕೇಳಿದರು. ಇವರು ಹೇಳಿಯೂಬಿಟ್ಟರು. ಹುಡುಗಿ ನ್ಯಾಮತಿಯಿಂದ ಒಂದು ಪೊಟ್ಟಣ ಬೆಣ್ಣೆ ಬಿಸ್ಕತ್ತು ತಂದಳು. ನಾವು ಮೂವರೂ ಬಹಳ ಸಂತೋಷವಾಗಿ ತಿಂದೆವು.

ಅಲ್ಲಿಗೇ ನಿಲ್ಲಿಸಿದ್ದರೆ ಈ ಬರಹವೂ ಅಲ್ಲಿಗೇ ನಿಲ್ಲುತ್ತಿತ್ತು. ಆದರೆ ಹೊಲಕ್ಕೆ ಹೋಗದೆ ಹೇಳಿದ ಫಸಲು ಅವರ ಹೊಟ್ಟೆಯಲ್ಲಿ ಬಿಸ್ಕತ್ತಿನ ಜೊತೆ ಕೂರಲಿಲ್ಲ. ಐದು ಹೆಸರಿದ್ದ ಒಂದು ತಂಡ ಜಗಳೂರಿನಲ್ಲಿತ್ತು. ಐವರನ್ನೂ ಒಟ್ಟಿಗೆ ನೋಡಿ ಬರೋಣ ಎಂದು ಹೊರಟರು. ಛತ್ರಿ ಹಿಡಿಯಲು ನನ್ನನ್ನೂ ಕರೆದರು. ಎರಡು ಬಸ್ಸು ಬದಲಿಸಿ, ಬಿಸಿಲಲ್ಲಿ ನಡೆದು ತಲುಪಿದ್ದು ಒಂದು ಗೊಬ್ಬರದ ಅಂಗಡಿಗೆ. ಗಲ್ಲಾದ ಮೇಲೆ ಒಬ್ಬ ಮನುಷ್ಯ ಕೂತಿದ್ದ. ತಂಡ ಎಲ್ಲಿ ಎಂದು ಕೇಳಿದೆವು. ಅವನು ಎದ್ದು ನಿಂತ. ಉಳಿದವರು ಎಂದೆವು. ಅವನು ತಲೆ ಕೆರೆದುಕೊಂಡ.

ಕತೆ ಬರೆದ ಮಹನೀಯರು ಅವನ ತೀರಿಹೋದ ಅಜ್ಜ. ಸಂಗೀತಕ್ಕೆ ಹೆಂಡತಿಗೆ ತವರಿನಲ್ಲಿಟ್ಟ ಹೆಸರು. ಚಿತ್ರಕ್ಕೆ ಅವನ ಕರೆಯುವ ಹೆಸರು, ಲೆಕ್ಕಾಚಾರಕ್ಕೆ ಶಾಲೆಯ ಹೆಸರು. ಐದನೆಯವರು ಯಾರೆಂದು ಅವನಿಗೂ ಸರಿಯಾಗಿ ನೆನಪಿರಲಿಲ್ಲ.

‘ಒಂದೇ ಹೆಸರು ಹಾಕಿದ್ರೆ ನೋಡಾಕೆ ಬಿಕೋ ಅಂತಿತ್ತು ಸಾರ್’ ಎಂದ.

ನಾನು ಅವರ ಮುಖ ನೋಡಿದೆ. ಬೆಳೆ ಅಂದಾಜಿನ ಇತಿಹಾಸದಲ್ಲಿ ಒಂದೇ ತೆನೆ ಐದು ಹೆಸರಿಟ್ಟುಕೊಂಡು ನಿಂತ ಉದಾಹರಣೆ ಇರಲಿಕ್ಕಿಲ್ಲ. ಅವರು ಸಿಟ್ಟಾಗಲಿಲ್ಲ. ಅವನ ಆಟವನ್ನು ತೋರಿಸು ಎಂದರು. ಕುರಿ ಹಿಂಡನ್ನು ಹೆದ್ದಾರಿ ದಾಟಿಸುವ ಆಟ; ಯಾವಾಗಲೂ ಒಂದು ಕುರಿ ಹಿಂದೆ ಉಳಿಯುತ್ತದೆ. ಅವರು ಕನ್ನಡಕವಿಲ್ಲದೆ ಆಡಿ ಹಿಂಡಿಗೆ ಹಿಂಡನ್ನೇ ಕಳೆದರು. ಅವನ ಹೆಂಡತಿ ರೊಟ್ಟಿ, ಶೇಂಗಾ ಚಟ್ನಿ ಬಡಿಸಿ, ತನ್ನ ಹೆಸರು ಸಂಗೀತದಲ್ಲಿ ಇರುವ ಸಂಗತಿ ಅವತ್ತೇ ತಿಳಿದದ್ದರಿಂದ ಗಂಡನಿಗೆ ಎರಡು ಮಾತು ಹೆಚ್ಚಾಗಿಯೇ ಬಡಿಸಿದರು.

ವಾಪಸು ಬಸ್ಸಿನಲ್ಲಿ ಅವರು ಕನ್ನಡಕವನ್ನು ಕೈಯಲ್ಲೇ ಹಿಡಿದು ಕೂತಿದ್ದರು. ಆಮೇಲೆ, ‘ಮೇಷ್ಟ್ರೇ, ನಾನು ಆಡುವಾಗ ಅವನು ಎಲ್ಲಿ ನೋಡ್ತಿದ್ದ ಗಮನಿಸಿದ್ರಾ?’ ಎಂದರು. ನಾನು ಕುರಿ ನೋಡುತ್ತಿದ್ದೆ. ‘ಅವನು ಫೋನ್ ಕಡೆ ಒಂದ್ಸಲಾನೂ ನೋಡಲಿಲ್ಲ. ನನ್ನ ಮುಖ ನೋಡ್ತಿದ್ದ. ಆಟ ಆಡೋರು, ಆಟ ನೋಡೋರು ಎಲ್ಲರ ಕಣ್ಣೂ ಫೋನ್ ಮೇಲೆ ಇರ್ತೈತೆ. ಮಾಡಿದೋನ ಕಣ್ಣು ಮಾತ್ರ ಆಡೋರ ಮುಖದ ಮೇಲೆ.’

ಮರದ ಮೇಲೆ ಗೊನೆ ಕಂಡಿತ್ತು.

ಅಲ್ಲಿಂದ ಮುಂದೆ ನಮ್ಮ ಓಡಾಟ ಸಭ್ಯರಿಗೆ ಒಪ್ಪುವಂಥದಾಗಿರಲಿಲ್ಲ. ಇಬ್ಬರು ಮುದುಕರು ಬಸ್ ನಿಲ್ದಾಣಗಳಲ್ಲಿ, ಜೆರಾಕ್ಸ್ ಅಂಗಡಿಗಳಲ್ಲಿ, ಮೊಬೈಲ್ ರಿಪೇರಿಯವರ ಮುಂದೆ ನಿಂತು, ಫೋನು ಹಿಡಿದವರನ್ನು ಬಿಟ್ಟು ಅವರ ಪಕ್ಕದವರನ್ನು ದಿಟ್ಟಿಸುವುದು. ಹೊನ್ನಾಳಿಯ ಒಬ್ಬ ಕಂಡಕ್ಟರು, ಯಾರನ್ನು ಹುಡುಕುತ್ತಿದ್ದೀರಿ ಯಜಮಾನ್ರೇ, ಮಗಳಿಗೆ ಗಂಡೋ ಎಂದು ಕೇಳಿಯೇಬಿಟ್ಟ. ಆದರೆ ಸಿಕ್ಕರು. ಚನ್ನಗಿರಿಯ ಒಬ್ಬ ಲೈನ್‌ಮನ್. ಕತ್ತಲಗೆರೆಯಲ್ಲಿ ಹಾಲಿನ ಡೈರಿಗೆ ಬರುವ ಒಬ್ಬ ಸೊಸೆ. ಅದೇ ಊರಿನ ‘ಅಂಥೋನಲ್ಲದ’ ಹುಡುಗನೂ ಅಂಥವನೇ ಎಂದು ಗೊತ್ತಾಯಿತು. ತಾಯಿಗೆ ಹೇಳುವುದು ಬೇಡ ಎಂದು ನಾವೇ ತೀರ್ಮಾನಿಸಿದೆವು.

ಕೊನೆಗೆ ನಿಂತ ಅಂದಾಜು ಹನ್ನೊಂದು. ಒಂದು ಸೇರಿಸಿ ಹನ್ನೆರಡು. ಸಂಘದ ಸಭೆ ಹತ್ತಿರ ಬಂದಿತ್ತು, ಅಧ್ಯಕ್ಷರ ಕಿವಿಯಲ್ಲಿ ಇಪ್ಪತ್ತಾರು ಕೂತಿತ್ತು. ಹುಡುಗಿ ಇವರ ಮುಂದೆ ಕೂತು, ಹೇಳಬೇಡಿ ಅಜ್ಜಾ, ಯಾರು ಎಣಿಸಾಕೆ ಬರ್ತಾರೆ ಎಂದು ಕಣ್ಣಲ್ಲಿ ನೀರು ತಂದುಕೊಂಡಳು. ನನ್ನ ಮತವೂ ಅವಳ ಕಡೆಗೇ ಇತ್ತು. ಮಾವನ ಹೊಲದಲ್ಲಿ ಹಗ್ಗ ಹಿಡಿದಿದ್ದವರು ಬಹುಶಃ ಇದೇ ಮುಖದಲ್ಲಿ ನಿಂತಿದ್ದರು.

‘ಇಪ್ಪತ್ತಾರು ಕುರ್ಚಿ ಹಾಕ್ತಾರೆ ಕಣಮ್ಮ’ ಎಂದರು. ‘ಹನ್ನೊಂದು ಜನ ಬರ್ತೀರಿ. ಅಷ್ಟೊಂದು ಖಾಲಿ ಕುರ್ಚಿ ಮಧ್ಯೆ ಕೂತ್ರೆ, ನಿಮ್ಮ ಅಂಗಡಿ ಮೇಲೆ ಇದ್ದಿದ್ದಕ್ಕಿಂತ ಒಂಟಿ ಆಗ್ತೀಯ.’

ಅವಳು ಅಲ್ಲಿಂದ ಎದ್ದು ಹೋದಳು. ಆದರೆ ಸಭೆಯ ದಿನ ಚನ್ನಗಿರಿಗೆ ಬಂದಳು.

ಸಂಘದ ಅಧ್ಯಕ್ಷರದು ದೊಡ್ಡ ಮೀಸೆ, ದೊಡ್ಡ ಅಡಿಕೆ ಮಂಡಿ. ಮಾತು ಸಣ್ಣದು. ಇವರು ಎದ್ದು ನಿಂತು, ತಾವು ಮೊದಲು ಹೇಳಿದ್ದು ತಪ್ಪೆಂದೂ, ಇರುವವರು ಹನ್ನೆರಡೆಂದೂ, ಅದರಲ್ಲಿ ಒಬ್ಬರು ಇನ್ನೂ ಕಣ್ಣಿಗೆ ಬಿದ್ದಿಲ್ಲವೆಂದೂ ಹೇಳಿದರು. ಹಾಸಿಗೆ ವ್ಯಾಪಾರಿ ಹಿಂದೆ ಕೂತಲ್ಲೇ ಕಾಲು ಚಾಚಿಕೊಂಡರು. ಅಧ್ಯಕ್ಷರು ಮೀಸೆ ಸವರಿಕೊಂಡು, ನಾವು ಹೇಳಿದ್ದು ಇಪ್ಪತ್ತು, ಸಂಜೆ ತೀರ್ಮಾನ ತಿಳಿಸ್ತೀವಿ ಎಂದರು. ಹುಡುಗಿ ಬ್ಯಾಗಿನ ಜಿಪ್ಪನ್ನು ಎಳೆಯುತ್ತಾ, ಬಿಡುತ್ತಾ ನಿಂತಿದ್ದಳು.

ಹೊರಡುವ ಹೊತ್ತಿಗೆ ಅಧ್ಯಕ್ಷರು ನಮ್ಮ ಮೂವರನ್ನು ಒಳಕೋಣೆಗೆ ಕರೆದು ಟೀ ತರಿಸಿದರು. ಬಾಗಿಲು ಮುಂದೆ ಮಾಡಿದರು. ಆಮೇಲೆ ಜೇಬಿನಿಂದ ಫೋನು ತೆಗೆದು, ‘ಇದೊಂಚೂರು ನೋಡ್ರಿ ಯಜಮಾನ್ರೇ. ನಮ್ಮ ಅಕ್ಕನ ಮಗ ಯಾವನೋ ಮಾಡಿದ್ದಂತೆ’ ಎಂದು ಇವರ ಕೈಗೆ ಕೊಟ್ಟರು.

ಅಡಿಕೆ ಮೇಲಿನಿಂದ ಉದುರುತ್ತದೆ. ರಾಶಿ, ಬೆಟ್ಟೆ, ಗೊರಬಲು ಎಂದು ದರ್ಜೆ ನೋಡಿ ಮೂರು ಚೀಲಕ್ಕೆ ಹಾಕಬೇಕು. ಖೇಣಿಯವರ ಮಗನಾದರೂ ಇವರು ಗೊರಬಲನ್ನು ರಾಶಿಗೆ ಹಾಕಿದರು. ಫೋನಿನೊಳಗಿನಿಂದ, ‘ನೋಡ್ಕಂಡು ಹಾಕಲೇ, ಕಣ್ಣು ಕಾಣಂಗಿಲ್ವೇನು’ ಎಂದು ಬೈಗುಳ ಬಂತು. ಧ್ವನಿ ನಾವು ಅದೇ ತಾನೇ ಸಭೆಯಲ್ಲಿ ಕೇಳಿ ಬಂದಿದ್ದೇ.

ನನಗೆ ಧ್ವನಿಯಿಂದ ಗೊತ್ತಾಯಿತು. ಇವರಿಗೆ ಅದಕ್ಕೂ ಮೊದಲೇ ಗೊತ್ತಾಗಿತ್ತು. ಫೋನು ಕೊಟ್ಟ ಗಳಿಗೆಯಿಂದ ಅಧ್ಯಕ್ಷರ ಎರಡು ಕಣ್ಣೂ ಇವರ ಮುಖದ ಮೇಲೆ ನೆಟ್ಟಿದ್ದವು. ಕೈಯಲ್ಲಿದ್ದ ಟೀ ಬಾಗಿ ಪಂಚೆಯ ಮೇಲೆ ಚೆಲ್ಲುತ್ತಿದ್ದರೂ ಅವರಿಗೆ ಅರಿವಿರಲಿಲ್ಲ.

ಇವರು ಸಮಾಧಾನವಾಗಿ ಆಟ ಮುಗಿಸಿ, ಕನ್ನಡಕ ಹಾಕಿಕೊಂಡು, ಫೋನು ವಾಪಸು ಕೊಟ್ಟರು. ‘ಅಧ್ಯಕ್ಷರೇ, ನಾನು ಒಬ್ಬರನ್ನ ಸೇರ್ಸಿದ್ದೆ. ಅವರು ಸಿಕ್ಕಿದ್ರು’ ಎಂದರು.

ಅಧ್ಯಕ್ಷರು ಪಂಚೆಯ ಮೇಲಿನ ಟೀ ಒರೆಸಿಕೊಂಡರು. ‘ಇಪ್ಪತ್ತು ಜನ ಇದ್ರೆ ಹಿಂದಗಡೆ ಒಂದು ಮೂಲೇಲಿ ಕೂರಬೌದು, ಯಾರೂ ಗಮನಿಸಲ್ಲ ಅಂತ ಇಪ್ಪತ್ತು ಅಂದೆ’ ಎಂದರು. ‘ಮನೇಲಿ ಮಾತ್ರ ಹೇಳಬ್ಯಾಡ್ರಿ. ನಾನು ಫೋನಲ್ಲಿ ಅಡಿಕೆ ರೇಟು ನೋಡ್ತಾ ಕೂತಿರ್ತೀನಿ ಅಂತ ಅವಳು ತಿಳ್ಕಂಡಾಳೆ.’

ಹುಡುಗಿ ಅಧ್ಯಕ್ಷರ ಫೋನು ಇಸಿದುಕೊಂಡು, ಗೊರಬಲು ಸ್ವಲ್ಪ ನಿಧಾನ ಬೀಳಬೇಕು ದೊಡ್ಡಪ್ಪ ಎಂದಳು. ಅಧ್ಯಕ್ಷರು ಕುರ್ಚಿಯನ್ನು ಅವಳ ಹತ್ತಿರಕ್ಕೆ ಎಳೆದುಕೊಂಡರು. ಹಾಸಿಗೆ ವ್ಯಾಪಾರಿಗೆ ಬೇರೆ ಗೋದಾಮು ಸಿಕ್ಕಿತು. ಅಂದಿನಿಂದ ಭಾನುವಾರಗಳಂದು ಆ ಹಾಲಿನಲ್ಲಿ ಹನ್ನೆರಡು ಕುರ್ಚಿ, ಮತ್ತೆ ಒಂದು.

ಅವರ ಶಿವಗಣಾರಾಧನೆಗೆ ಆ ಹನ್ನೆರಡೂ ಜನ ಬಂದಿದ್ದರು. ಜಗಳೂರಿನವನು ಬಸ್ಸು ತಪ್ಪಿಸಿಕೊಂಡು ಎಲ್ಲರಿಗಿಂತ ತಡವಾಗಿ ಬಂದು, ನಾನು ಹೆಚ್ಚಿಗೆ ಹಾಕಿಸಿದ್ದ ಎಲೆಯ ಮುಂದೆ ಕೂತು ಉಂಡ. ಊಟ ಮುಗಿದ ಮೇಲೆ ಹುಡುಗಿ ಬಂದು ನನ್ನ ಕೈಗೆ ಫೋನು ಕೊಟ್ಟಳು. ಎಲ್ಲರೂ ಸೇರಿ ಮಾಡಿದ್ದು, ಇನ್ನೂ ಪೂರ್ತಿ ಆಗಿಲ್ಲ ಎಂದಳು.

ಒಂದು ಮದುವೆ ಮನೆ. ಬಾಗಿಲಲ್ಲಿ ಚಪ್ಪಲಿಗಳ ರಾಶಿ. ಪಕ್ಕದಲ್ಲಿ ಬಿಳಿ ಅರ್ಧತೋಳಿನ ಶರಟಿನ ಒಬ್ಬ ಸಣ್ಣ ಮುದುಕ ಛತ್ರಿ ಊರಿ ನಿಂತಿದ್ದಾನೆ. ಎಷ್ಟು ಎಲೆ ಎಂದು ನಾವು ಹೇಳಬೇಕು. ನಾನು ರಾಶಿಯನ್ನು ನೋಡಿದೆ. ಸಣ್ಣ ಮುದುಕ ಕನ್ನಡಕ ತೆಗೆದ, ಶರಟಿನ ತುದಿಯಲ್ಲಿ ಒರೆಸಿದ, ಹಾಕಿಕೊಳ್ಳಲಿಲ್ಲ. ಆಮೇಲೆ ಪರದೆ ಮಸುಕಾಯಿತು. ಅದು ಆಟದೊಳಗೆ ಮಾಡಿದ್ದೋ ಅಥವಾ ನನ್ನ ಕಣ್ಣಿನದೋ ಎಂದು ತಿಳಿಯಲು ನಾನು ತಲೆ ಎತ್ತಿದೆ.

ಯಾರೂ ಫೋನು ನೋಡುತ್ತಿರಲಿಲ್ಲ. ಹುಡುಗಿ, ಅಧ್ಯಕ್ಷರು, ಲೈನ್‌ಮನ್, ಡೈರಿಯ ಸೊಸೆ, ಜಗಳೂರಿನವನು, ಹನ್ನೆರಡೂ ಜನ ಉಸಿರು ಬಿಗಿಹಿಡಿದು ನನ್ನ ಮುಖ ನೋಡುತ್ತಿದ್ದರು. ಅವರ ಹಿಂದೆ, ಅಡುಗೆಮನೆಯ ಬಾಗಿಲಲ್ಲಿ, ಸೌಟು ಕಂಕುಳಲ್ಲಿ ಸಿಕ್ಕಿಸಿಕೊಂಡು ಅಡುಗೆಯವನು ನಿಂತಿದ್ದ. ಅವನೂ ನನ್ನ ಮುಖವನ್ನೇ ನೋಡುತ್ತಿದ್ದ.

ನಾನು ಒಂದು ಸೇರಿಸಿದೆ.